ಧಕ್ಕೆ

ನಮ್ಮ ಕರಾವಳಿಯಲ್ಲಿ ಧಕ್ಕೆ ಎಂದರೆ ದೋಣಿ ಬಂದು ನಿಲ್ಲುವ ಕಟ್ಟೆ. ಮೀನು ಇಳಿಯುವುದು, ಹರಾಜು ಕೂಗುವುದು ಅಲ್ಲೇ. ಮರಾಠಿಯ ಧಕ್ಕಾ ಕೂಡ ಹೀಗೇ: ನೂಕು, ಪೆಟ್ಟು ಎಂಬುದರ ಜೊತೆಗೆ ಹಡಗುಕಟ್ಟೆಯೂ ಹೌದು. ಪತ್ರಿಕೆಯ ಕನ್ನಡದಲ್ಲಿ ಮಾತ್ರ ಈ ಪದ ‘ಧಾರ್ಮಿಕ ಭಾವನೆಗೆ’ ಎಂಬುದರ ಬೆನ್ನಿಗೇ ಬರುತ್ತದೆ.

ಪೆಟ್ಟು ಬಿತ್ತೆಂದು ಹೇಳುವವನು ಕೇಳಿದವನು. ಕಾನೂನು ನೋಡುವುದು ಆಡಿದವನ ಮನಸ್ಸನ್ನು. ದಂಡ ಸಂಹಿತೆಗೆ 295ಎ ಕಲಮು ಸೇರಿದ್ದು 1927ರಲ್ಲಿ. ಈಗ ಅದು ಭಾರತೀಯ ನ್ಯಾಯ ಸಂಹಿತೆಯ 299. ಬೇಕೆಂದೇ, ದ್ವೇಷದಿಂದ ಮಾಡಿದ ಅವಮಾನ ಮಾತ್ರ ಇದರಡಿ ಅಪರಾಧ, ಅರಿಯದೆ ಆಡಿದ್ದಲ್ಲ ಎಂದು ಸುಪ್ರೀಂ ಕೋರ್ಟ್ 1957ರಲ್ಲೇ ರಾಮ್‌ಜಿ ಲಾಲ್ ಮೋದಿ ಪ್ರಕರಣದಲ್ಲಿ ಹೇಳಿದೆ. ಠಾಣೆಯ ಮುಂದೆ ಸೇರಿದ ಜನರ ಲೆಕ್ಕ ನೋಡಿ ದೂರು ದಾಖಲಿಸಿಕೊಂಡರೆ ಈ ಭೇದಕ್ಕೆ ಅರ್ಥವೇ ಉಳಿಯುವುದಿಲ್ಲ.

ಮಾತಿಗೆ ಉತ್ತರ ಮಾತೇ ಎಂಬುದನ್ನು ಹೊನ್ನಾವರ, ಕುಮಟಾದವರಿಗೆ ಯಾರೂ ಕಲಿಸಬೇಕಿಲ್ಲ. 1934ರಲ್ಲಿ ಕೆರೆಮನೆ ಶಿವರಾಮ ಹೆಗಡೆಯವರು ಇಡಗುಂಜಿ ಯಕ್ಷಗಾನ ಮೇಳ ಕಟ್ಟಿದ ಸೀಮೆ ಇದು. ಕೃಷ್ಣ ಸಂಧಾನ ಪ್ರಸಂಗದ ಕೌರವ ಕೃಷ್ಣನನ್ನು ದನ ಕಾಯುವವನೆಂದು ಹಳಿಯುತ್ತಾನೆ, ಕಳ್ಳನೆನ್ನುತ್ತಾನೆ. ಪಾತ್ರಧಾರಿ ಆಡುವ ಮಾತು, ಅಂದರೆ ಅರ್ಥ, ಬರೆದಿಟ್ಟದ್ದಲ್ಲ, ಆ ಹೊತ್ತಿಗೆ ಹೊಳೆದದ್ದು. ಕೈಮುಗಿದು ಬಂದು ಕುಳಿತ ಭಕ್ತರು ಯಾರೂ ಎದ್ದು ಹೋಗುವುದಿಲ್ಲ. ಕೃಷ್ಣ ಏನೆನ್ನುತ್ತಾನೆಂದು ಕಿವಿಗೊಡುತ್ತಾರೆ.

ತನ್ನ ದೇವರನ್ನು ಹಳಿಯುವುದೇ ಬೇರೆ, ಪಕ್ಕದ ಮನೆಯವರ ನಂಬಿಕೆಯನ್ನು ಹೀಯಾಳಿಸುವುದೇ ಬೇರೆ. ಅದರಲ್ಲೂ 1993ರಲ್ಲಿ ತಿಂಗಳುಗಟ್ಟಲೆ ಗಲಭೆ ಕಂಡ ಭಟ್ಕಳದಲ್ಲಿ ಹೀಯಾಳಿಕೆ ಬರೀ ಮಾತಾಗಿ ಉಳಿಯುವುದಿಲ್ಲ. ಅದೇ ಊರಿನಲ್ಲಿ ಚೆನ್ನಪಟ್ಟಣ ಹನುಮಂತನ ತೇರಿಗೆ ಮುಸ್ಲಿಂ ಮನೆಗೆ ಹೋಗಿ ಕರೆಯುವ ಪದ್ಧತಿಯೂ ಇದೆ. ಹೀಗೆ ಕರೆಯುವ ಬಾಯಿಗೆ ಹಳಿಯುವುದು ಸುಲಭವಲ್ಲ. ಕಾನೂನಿಗಿಂತ ನನಗೆ ಇದರ ಮೇಲೇ ಭರವಸೆ ಹೆಚ್ಚು.

2017ರ ಡಿಸೆಂಬರಿನಲ್ಲಿ ಹೊನ್ನಾವರದ ಕೆರೆಯಲ್ಲಿ ಯುವಕನೊಬ್ಬನ ಶವ ಸಿಕ್ಕಿತು. ಚಿತ್ರಹಿಂಸೆ ಕೊಟ್ಟು ಕೊಂದರೆಂಬ ಸುದ್ದಿ ಮೊಬೈಲಿನಿಂದ ಮೊಬೈಲಿಗೆ ಓಡಿತು. ಕುಮಟಾದಲ್ಲಿ ಐಜಿಪಿಯವರ ವಾಹನವೇ ಸುಟ್ಟುಹೋಯಿತು. ಅದು ಆಕಸ್ಮಿಕವಾಗಿ ಮುಳುಗಿ ಆದ ಸಾವು ಎಂದು ಸಿಬಿಐ ನ್ಯಾಯಾಲಯಕ್ಕೆ ವರದಿ ಕೊಟ್ಟದ್ದು 2022ರಲ್ಲಿ. ಅಷ್ಟರಲ್ಲಿ ಐದು ವರ್ಷ ಕಳೆಯುತ್ತ ಬಂದಿತ್ತು. ಆ ಬೆಂಕಿಗೆ ಕಾರಣ ಯಾರ ಪುಸ್ತಕವೂ ಅಲ್ಲ, ಭಾಷಣವೂ ಅಲ್ಲ. ಪರೀಕ್ಷಿಸದೆ ದಾಟಿಸಿದ ಸುದ್ದಿ. ಸುಳ್ಳು ಹರಡುವುದನ್ನು ನಾನು ವಾಕ್‌ಸ್ವಾತಂತ್ರ್ಯ ಎನ್ನಲಾರೆ.

ನೊಂದವರು ಜೋರಾಗಿಯೇ ಉತ್ತರ ಹೇಳಲಿ, ಬರೆಯಲಿ, ಸಭೆ ಕರೆಯಲಿ. ದೂರು ಬರೆದುಕೊಳ್ಳುವ ಅಧಿಕಾರಿ ಮೊದಲು ಆಡಿದವನ ಉದ್ದೇಶವೇನಿತ್ತೆಂದು ವಿಚಾರಿಸಲಿ.