ಕಾಳಿದಾಸನ ಪಾತ್ರಧಾರಿ ಸಾಕ್ಷ್ಯಚಿತ್ರಕಾರನಾದ ಬಗೆ

ಮೋಹನ ರಾಕೇಶರ ‘ಆಷಾಢ ಕಾ ಏಕ್ ದಿನ್’ ನಾಟಕ ಕನ್ನಡಿಗರಿಗೆ ಹೊಸದಲ್ಲ. ಧಾರವಾಡದ ಸಿದ್ಧಲಿಂಗ ಪಟ್ಟಣಶೆಟ್ಟಿಯವರು ಅದನ್ನು ಕನ್ನಡಕ್ಕೆ ತಂದಿದ್ದಾರೆ. ಹಳ್ಳಿಯ ಗುಡಿಸಲಿನಲ್ಲಿ ಒಲಿದ ಮಲ್ಲಿಕೆಯನ್ನು ಬಿಟ್ಟು ಕಾಳಿದಾಸ ರಾಜಾಶ್ರಯಕ್ಕಾಗಿ ಉಜ್ಜಯಿನಿಗೆ ಹೋಗುತ್ತಾನೆ. ಹೆಸರು, ಅಧಿಕಾರ ಎಲ್ಲವನ್ನೂ ಕಂಡು, ಕಳೆದುಕೊಂಡು, ಒಂದು ಮಳೆಯ ದಿನ ಮರಳಿ ಬರುತ್ತಾನೆ. ಅಷ್ಟರಲ್ಲಿ ಕಾಲ ಯಾರಿಗೂ ಕಾಯದೆ ಮುಂದೆ ಹೋಗಿರುತ್ತದೆ. 1971ರಲ್ಲಿ ಮಣಿ ಕೌಲರು ಈ ನಾಟಕವನ್ನು ಚಿತ್ರವಾಗಿಸಿದಾಗ ಕಾಳಿದಾಸನಾಗಿ ನಿಂತ ತರುಣ ಅರುಣ ಖೋಪಕರ್. ರೇಖಾ ಸಬನೀಸ್ ಮಲ್ಲಿಕೆ, ಓಂ ಶಿವಪುರಿ ವಿಲೋಮ. ಕಪ್ಪು ಬಿಳುಪಿನ ಆ ಚಿತ್ರದಲ್ಲಿ ಆವೇಶವಿಲ್ಲ, ಕಣ್ಣೀರಿನ ಕೋಡಿಯಿಲ್ಲ. ಪಾತ್ರಗಳು ತಗ್ಗಿದ ದನಿಯಲ್ಲಿ ಮಾತಾಡುತ್ತವೆ, ಕೆ. ಕೆ. ಮಹಾಜನರ ಕ್ಯಾಮರಾ ಕಾಯುತ್ತದೆ. ಇದೇನು ಸಿನಿಮಾವೋ ಎಂದು ಆಗ ಎದ್ದು ಹೋದವರೂ ಇದ್ದರು. ಫಿಲ್ಮ್‌ಫೇರ್ ವಿಮರ್ಶಕರ ಪ್ರಶಸ್ತಿಯೂ ಅದಕ್ಕೇ ಬಂತು.

ಹೀಗೆ ಬೆಳ್ಳಿತೆರೆಯ ಮೇಲೆ ಮಹಾಕವಿಯಾಗಿ ಕಾಣಿಸಿಕೊಂಡವನು ನಟನೆಯನ್ನೇ ಕಸುಬಾಗಿ ಹಿಡಿದಿದ್ದರೆ ಯಾರಿಗೂ ಆಶ್ಚರ್ಯವಾಗುತ್ತಿರಲಿಲ್ಲ. 1945ರಲ್ಲಿ ಹುಟ್ಟಿದ ಖೋಪಕರರು ಹಿಡಿದದ್ದು ಬೇರೆ ದಾರಿ. ನಮ್ಮ ಪುಣೆಯ ಲಾ ಕಾಲೇಜ್ ರಸ್ತೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಚಿತ್ರನಿರ್ದೇಶನ ಕಲಿತು 1974ರಲ್ಲಿ ಹೊರಬಂದರು. 1933ರಲ್ಲಿ ಕೊಲ್ಲಾಪುರದಿಂದ ಪುಣೆಗೆ ಬಂದ ಪ್ರಭಾತ ಕಂಪನಿಯ ಸ್ಟುಡಿಯೋದಲ್ಲಿಯೇ 1960ರಲ್ಲಿ ಈ ಸಂಸ್ಥೆ ಆರಂಭವಾದದ್ದು ಇಲ್ಲಿನ ಹಳಬರಿಗೆಲ್ಲ ಗೊತ್ತು. ಅಲ್ಲಿ ಆಗ ಸಂಗೀತ ಕಲಿಸುತ್ತಿದ್ದವರು ಭಾಸ್ಕರ ಚಂದಾವರಕರ್, ಮುಂದೆ ‘ಒಂದಾನೊಂದು ಕಾಲದಲ್ಲಿ’ ಚಿತ್ರಕ್ಕೆ ಸಂಗೀತ ಕೊಟ್ಟವರು. 1974ರಲ್ಲಿ ಸಂಸ್ಥೆಯ ನಿರ್ದೇಶಕರಾಗಿ ಬಂದವರು ನಮ್ಮ ಗಿರೀಶ ಕಾರ್ನಾಡರು. ಅವರೂ ‘ಸಂಸ್ಕಾರ’ದ ಪ್ರಾಣೇಶಾಚಾರ್ಯರಾಗಿ ನಟಿಸಿ, ಬೇಂದ್ರೆಯವರನ್ನು ಕುರಿತು ಸಾಕ್ಷ್ಯಚಿತ್ರ ತೆಗೆದವರೇ. ಖೋಪಕರರು ಪದವಿಗಾಗಿ ತೆಗೆದ ಕಿರುಚಿತ್ರ ‘ತೀವ್ರ ಮಧ್ಯಮ’ದಲ್ಲಿ ನಟಿಸಿದ ಪುಣೆಯ ಹುಡುಗಿ ಸ್ಮಿತಾ ಪಾಟೀಲ. ಮುಂದೆ ನಾಗಾಭರಣರ ‘ಅನ್ವೇಷಣೆ’ಯಲ್ಲಿ ಕನ್ನಡಿಗರೂ ಆಕೆಯನ್ನು ಕಂಡರು. ರಾಗಸಂಗೀತ ಬಲ್ಲವರಿಗೆ ಆ ಕಿರುಚಿತ್ರದ ಹೆಸರೇ ಸಾಕು, ಇವರ ಒಲವು ಯಾವ ಕಡೆಗೆಂದು ತಿಳಿಯಲು.

ಸಾಕ್ಷ್ಯಚಿತ್ರವೆಂದರೆ ಆ ದಿನಗಳಲ್ಲಿ ಜನಕ್ಕೆ ಏನಾಗಿತ್ತು? ಮುಖ್ಯ ಚಿತ್ರಕ್ಕೆ ಮುಂಚೆ ಕಡ್ಡಾಯವಾಗಿ ತೋರಿಸುತ್ತಿದ್ದ ಫಿಲ್ಮ್ಸ್ ಡಿವಿಜನ್ನಿನ ರೀಲು. ಅದು ಮುಗಿಯುವವರೆಗೆ ಹೊರಗೆ ನಿಂತು ಚಹಾ ಕುಡಿದು ಬರುವುದೇ ವಾಡಿಕೆ. ಅಣೆಕಟ್ಟು, ಗೊಬ್ಬರ, ಮಂತ್ರಿಗಳ ಪ್ರವಾಸ, ಮೇಲೊಂದು ಗಂಭೀರ ಕಂಠದ ವಿವರಣೆ! (ಒಳ್ಳೆಯವೂ ಇದ್ದವು, ಚಹಾದ ಗಲಾಟೆಯಲ್ಲಿ ನಾವು ನೋಡಲಿಲ್ಲ ಅಷ್ಟೆ.) ಅಂಥ ಪ್ರಕಾರವನ್ನು ಕಥಾಚಿತ್ರಕ್ಕೆ ಏರುವ ಮೆಟ್ಟಿಲೆಂದು ಬಗೆಯದೆ, ಬಾಳಿನ ಕೆಲಸವಾಗಿಯೇ ಸ್ವೀಕರಿಸುವುದಕ್ಕೆ ಧೈರ್ಯ ಬೇಕು. ಹಣವಂತೂ ಇಲ್ಲ, ನೋಡುವವರೂ ಕಡಿಮೆ.

ಖೋಪಕರರು ಆರಿಸಿಕೊಂಡ ವಸ್ತುಗಳು ಬಹುಪಾಲು ಕಲೆಗಳೇ. 1990ರ ‘ಫಿಗರ್ಸ್ ಆಫ್ ಥಾಟ್’ ಭೂಪೇನ್ ಖಖ್ಖರ್, ನಳಿನಿ ಮಲಾನಿ, ವಿವಾನ್ ಸುಂದರಂ ಎಂಬ ಮೂವರು ಚಿತ್ರಕಾರರನ್ನು ಕುರಿತದ್ದು. 1991ರ ‘ಸಂಚಾರಿ’ ಲೀಲಾ ಸ್ಯಾಮ್ಸನ್ನರ ಭರತನಾಟ್ಯದ ಚಿತ್ರ. 1993ರ ‘ಕಲರ್ಸ್ ಆಫ್ ಆಬ್ಸೆನ್ಸ್’ ಚಿತ್ರಕಾರ ಜಹಾಂಗೀರ್ ಸಬಾವಾಲಾರದು. ಒಂದೇ ಸಾಲನ್ನು ನರ್ತಕಿ ಹಲವು ಬಗೆಯಾಗಿ ಅಭಿನಯಿಸಿ ಬೆಳೆಸುವುದೇ ಸಂಚಾರಿ. ಅಭಿನಯವನ್ನು ತಾನೇ ಮಾಡಿ ಬಲ್ಲವನು ಅದನ್ನು ಚಿತ್ರೀಕರಿಸುವುದಕ್ಕೂ, ಹೊರಗೆ ನಿಂತು ತೆಗೆಯುವುದಕ್ಕೂ ವ್ಯತ್ಯಾಸವುಂಟೆಂದು ನನ್ನ ಭಾವನೆ. ಕ್ಯಾಮರಾದ ಮುಂದೆ ಮೈ ಎಷ್ಟು ಬಿಗಿಯುತ್ತದೆ, ಯಾವಾಗ ಸಡಿಲವಾಗುತ್ತದೆ ಎಂಬುದು ಮೈಯಿಂದಲೇ ತಿಳಿಯಬೇಕು. ಮಣಿ ಕೌಲರ ಕಾಳಿದಾಸ ಆ ಪಾಠವನ್ನು ಕಲಿತೇ ಇರಬೇಕು.

ಕಥಾಚಿತ್ರವನ್ನು ಅವರು ತೀರ ಬಿಟ್ಟವರೂ ಅಲ್ಲ. 1996ರಲ್ಲಿ ಗೊಗೋಲನ ಕಥೆಯೊಂದನ್ನು ಮರಾಠಿಗೆ ಒಗ್ಗಿಸಿ, ದಿಲೀಪ ಪ್ರಭಾವಳಕರ್ ಮತ್ತು ಪುಣೆಯ ಡಾ. ಮೋಹನ ಆಗಾಶೆಯವರನ್ನು ಇಟ್ಟುಕೊಂಡು ‘ಕಥಾ ದೋನ್ ಗಣಪತರಾವಾಂಚೀ’ ತೆಗೆದರು. ಆದರೆ ಹೆಚ್ಚು ಹೇಳಬೇಕಾದದ್ದು 2002ರ ‘ನಾರಾಯಣ ಗಂಗಾರಾಮ ಸುರ್ವೆ’ಯನ್ನು ಕುರಿತು. ಮುಂಬಯಿಯ ಬೀದಿಯಲ್ಲಿ ಸಿಕ್ಕ ಅನಾಥ ಶಿಶುವನ್ನು ಗಂಗಾರಾಮ ಸುರ್ವೆ ಎಂಬ ಗಿರಣಿ ಕಾರ್ಮಿಕ ಸಾಕಿದ. ಆ ಶಿಶು ಬೆಳೆದು ಕಾರ್ಮಿಕರ ಕವಿಯಾದ. ಚಿತ್ರದ ಹೆಸರಿನಲ್ಲಿ ಸಾಕಿದ ತಂದೆಯ ಹೆಸರನ್ನು ಪೂರ್ತಿಯಾಗಿ ಇಟ್ಟದ್ದನ್ನು ಗಮನಿಸಬೇಕು. ಕವಿಯ ಪಾತ್ರವನ್ನು ಮತ್ತೊಬ್ಬ ಕವಿ-ನಟ ಕಿಶೋರ ಕದಮರಿಂದ ಮಾಡಿಸಿದರು. ಸಾಕ್ಷ್ಯಚಿತ್ರದಲ್ಲಿ ನಟನೆ ಬರಬಹುದೇ ಎಂದು ಮಡಿವಂತರು ಕೇಳಬಹುದು. ಒಮ್ಮೆ ತಾನೇ ಒಬ್ಬ ಕವಿಯಾಗಿ ನಟಿಸಿದವನಿಗೆ ಆ ಮಡಿ ಅಡ್ಡ ಬರಲಿಲ್ಲ. ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು.

ಕನ್ನಡಿಗರು ಖೋಪಕರರಿಗೆ ಋಣಿಗಳಾಗಿರುವುದು ಮಾತ್ರ ಒಂದು ಪುಸ್ತಕಕ್ಕಾಗಿ. 1925ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಪಡುಕೋಣೆಯ ಮನೆತನದ ಹುಡುಗ ಗುರುದತ್ತ 1944ರಲ್ಲಿ ಪುಣೆಯ ಪ್ರಭಾತಕ್ಕೆ ಬಂದು ಸೇರಿದ, ನೃತ್ಯ ನಿರ್ದೇಶಕನಾಗಿ ದುಡಿದ. ದೇವಾನಂದನ ಗೆಳೆತನ ಆದದ್ದೂ ಇಲ್ಲಿಯೇ. 1964ರಲ್ಲಿ, ನಲವತ್ತು ತುಂಬುವ ಮೊದಲೇ ತೀರಿಕೊಂಡ. ತಾಯಿ ವಾಸಂತಿ ಪಡುಕೋಣೆಯವರು ‘ನನ್ನ ಮಗ ಗುರುದತ್ತ’ ಎಂದು ಕನ್ನಡದಲ್ಲಿ ಬರೆದರು. ಅದು ಹೆತ್ತ ಕರುಳಿನ ಮಾತು. ಚಿತ್ರಕಾರನಾಗಿ ಗುರುದತ್ತನ ಮೌಲ್ಯ ಕಟ್ಟುವ ಕೆಲಸವನ್ನು 1985ರಲ್ಲಿ ಮರಾಠಿಯಲ್ಲಿ ಖೋಪಕರರು ಮಾಡಿದರು: ‘ಗುರುದತ್ತ: ತೀನ್ ಅಂಕೀ ಶೋಕಾಂತಿಕಾ’. ‘ಪ್ಯಾಸಾ’, ‘ಕಾಗಜ್ ಕೆ ಫೂಲ್’, ‘ಸಾಹಿಬ್ ಬೀಬಿ ಔರ್ ಗುಲಾಂ’ ಈ ಮೂರನ್ನೂ ಒಂದೇ ದುರಂತದ ಮೂರು ಅಂಕಗಳಾಗಿ ಓದಿದರು. ಬೆಳಕು, ನೆರಳು, ಹಾಡಿನ ಚಿತ್ರೀಕರಣ ಇವುಗಳೇ ಅಲ್ಲಿಯ ಚರ್ಚೆ, ಪ್ರಣಯದ ಗಾಳಿಮಾತಲ್ಲ. ಚಲಚ್ಚಿತ್ರ ಕುರಿತ ಉತ್ತಮ ಗ್ರಂಥವೆಂದು ಅದಕ್ಕೆ ರಾಷ್ಟ್ರಪ್ರಶಸ್ತಿ ಸಂದಿತು. ಶಾಂತಾ ಗೋಖಲೆಯವರು ಅದನ್ನು ಇಂಗ್ಲಿಷಿಗೆ ಮಾಡಿದ್ದಾರೆ. ತಾಯಿಯ ಪುಸ್ತಕವನ್ನೂ ಇದನ್ನೂ ಒಟ್ಟಿಗೆ ಇಟ್ಟುಕೊಂಡು ಓದಬೇಕು. ಎರಡೂ ಭಾಷೆ ಬಲ್ಲ ಪುಣೆಯ ಕನ್ನಡಿಗರಿಗಿಂತ ಈ ಕೆಲಸಕ್ಕೆ ತಕ್ಕವರು ಬೇರೆ ಯಾರು?

2008ರಲ್ಲಿ ಖೋಪಕರರು ವಾಸ್ತುಶಿಲ್ಪಿ ಚಾರ್ಲ್ಸ್ ಕೊರಿಯಾರನ್ನು ಕುರಿತು ‘ವಾಲ್ಯೂಮ್ ಜೀರೊ’ ತೆಗೆದರು. ಪುಣೆ ವಿದ್ಯಾಪೀಠದ ಆವರಣದಲ್ಲಿರುವ, ಜಯಂತ ನಾರಳೀಕರರು ಕಟ್ಟಿ ಬೆಳೆಸಿದ ಖಗೋಳವಿಜ್ಞಾನ ಕೇಂದ್ರದ ಕಟ್ಟಡ ಇದೇ ಕೊರಿಯಾರದು. ಬೆಂಗಳೂರಿನ ವಿಶ್ವೇಶ್ವರಯ್ಯ ಕೇಂದ್ರವೂ ಅವರದೇ. ಮುಂದೆ ‘ಚಲತ್ ಚಿತ್ರವ್ಯೂಹ’ ಎಂಬ ನೆನಪುಗಳ ಪುಸ್ತಕಕ್ಕಾಗಿ 2015ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಮರಾಠಿ ವಿಭಾಗದಲ್ಲಿ ಅವರಿಗೆ ಬಂತು.