ಬೂದಿಗುಡ್ಡಗಳೂ ಪುರಾತತ್ತ್ವಜ್ಞರ ಅನುಮಾನಪದ್ಧತಿಯೂ

ಗ್ರಂಥವಾಗಲಿ ಶಾಸನವಾಗಲಿ ಇಲ್ಲದ ಕಾಲದ ಜನಜೀವನವನ್ನು ತಿಳಿಯುವ ಬಗೆ ಯಾವುದೆಂಬುದು ಇತಿಹಾಸಶಾಸ್ತ್ರದ ಕಠಿನಪ್ರಶ್ನೆಗಳಲ್ಲೊಂದು. ಶಾಸನವು ತನ್ನ ಮಾತನ್ನು ತಾನೇ ಆಡುವುದು. ಮಡಕೆಯ ಚೂರು, ಎಲುಬು, ಬೂದಿ ಇವು ಮೂಕವಾದುವು. ಇವುಗಳಿಂದ ಅರ್ಥವನ್ನು ಹೊರಡಿಸುವುದಕ್ಕೆ ಅನುಮಾನಪ್ರಮಾಣವೇ ಶರಣು. ಪುರಾತತ್ತ್ವಜ್ಞರು ಈ ಪ್ರಮಾಣವನ್ನು ಹೇಗೆ ಬಳಸಿರುವರು, ಎಲ್ಲಿ ಎಡವಿರುವರು ಎಂಬುದನ್ನು ಅರಿಯಲು ಕರ್ಣಾಟಕದ ಬೂದಿಗುಡ್ಡಗಳ ವಿಚಾರವು ಉತ್ತಮ ನಿದರ್ಶನವಾಗಿದೆ.

ಬಳ್ಳಾರಿ, ರಾಯಚೂರು, ಯಾದಗಿರಿ ಸೀಮೆಗಳಲ್ಲಿಯೂ ನೆರೆಯ ಆಂಧ್ರ ತೆಲಂಗಾಣಗಳ ಕೆಲವು ಭಾಗಗಳಲ್ಲಿಯೂ ಇಂತಹ ಗುಡ್ಡಗಳು ನೂರಕ್ಕೂ ಮಿಕ್ಕು ಕಂಡುಬಂದಿವೆ. ಇವನ್ನು ಕಡಿದು ನೋಡಿದರೆ ಮೆತ್ತನೆಯ ಬೂದಿಯ ಪದರಗಳ ನಡುವೆ ಕರಗಿ ಹೆಪ್ಪುಗಟ್ಟಿದ ಕಿಟ್ಟದಂತಹ ಗಟ್ಟಿಪದರಗಳು ಕಾಣುವುವು. ಜನರ ಬಾಯಲ್ಲಿ ಇವು ರಾಕ್ಷಸರ ಬೂದಿ. ಹಂಪೆಯ ಬಳಿಯ ನಿಂಬಾಪುರದ ಗುಡ್ಡವು ವಾಲಿಯ ಚಿತಾಭಸ್ಮವೆಂದು ಪ್ರತೀತಿ. ಈ ಐತಿಹ್ಯವು ಘಟನೆಗೆ ಪ್ರಮಾಣವಾಗದಿದ್ದರೂ, ಅಲ್ಲಿ ಬೆಂಕಿ ಉರಿದಿತ್ತೆಂಬುದನ್ನು ಜನರು ಸರಿಯಾಗಿಯೇ ಗ್ರಹಿಸಿದ್ದರೆಂಬುದಕ್ಕೆ ಸಾಕ್ಷಿಯಾಗಿದೆ.

ಬೂದಿಯಿಂದ ಬೆಂಕಿಯನ್ನು ಊಹಿಸುವುದು ಸುಲಭ. ಯಾವ ಬೆಂಕಿ, ಯಾರು ಹಚ್ಚಿದ ಬೆಂಕಿ, ಏತಕ್ಕಾಗಿ ಎಂಬಲ್ಲಿ ವಿವಾದವು ಹುಟ್ಟಿತು. ಜ್ವಾಲಾಮುಖಿಯೆಂದು ಕೆಲವರು, ಕಬ್ಬಿಣ ಕರಗಿಸಿದ ಕುಲುಮೆಯೆಂದು ಕೆಲವರು, ಸಾಮೂಹಿಕ ದಹನಸ್ಥಾನವೆಂದು ಕೆಲವರು ಪೂರ್ವಪಕ್ಷ ಮಾಡಿದರು. ಗೌತಮನ ನ್ಯಾಯಸೂತ್ರದಲ್ಲಿ ಹೇಳಿರುವ ಶೇಷವತ್ ಎಂಬ ಅನುಮಾನಕ್ಕೆ ಭಾಷ್ಯಕಾರನಾದ ವಾತ್ಸ್ಯಾಯನನು ಎರಡು ಅರ್ಥಗಳನ್ನು ಕೊಟ್ಟಿರುವನು: ಕಾರ್ಯದಿಂದ ಕಾರಣವನ್ನು ತಿಳಿಯುವುದು ಒಂದು, ಸಂಭವಿಸಬಹುದಾದ ಇತರ ಪಕ್ಷಗಳನ್ನು ನಿರಾಕರಿಸಿ ಉಳಿದುದನ್ನು ಅಂಗೀಕರಿಸುವುದು ಇನ್ನೊಂದು. ಬೂದಿಗುಡ್ಡಗಳ ವಿಷಯದಲ್ಲಿ ಈ ಎರಡೂ ಬೇಕಾದುವು. ಆ ಪದರಗಳಲ್ಲಿ ದೊರೆಯುವುವು ನಯಮಾಡಿದ ಕಲ್ಲುಕೊಡಲಿಗಳೂ ಕೈಯಿಂದ ಮಾಡಿದ ಮಡಕೆಗಳೂ. ಆದುದರಿಂದ ಕಬ್ಬಿಣದ ಕುಲುಮೆಯ ಪಕ್ಷವು ನಿಲ್ಲದು. ಎಲುಬುಗಳು ಬಹುಮಟ್ಟಿಗೆ ದನಗಳವು; ಆದುದರಿಂದ ಶವದಹನದ ಪಕ್ಷವೂ ನಿಲ್ಲದು.

ಭೂಗರ್ಭಶಾಸ್ತ್ರಜ್ಞನಾದ ರಾಬರ್ಟ್ ಬ್ರೂಸ್ ಫೂಟ್ (1834–1912) ಇದು ಸುಟ್ಟ ಸಗಣಿಯ ಬೂದಿಯೆಂದು ನಿರ್ಣಯಿಸಿದನು. ಆಫ್ರಿಕದ ದನಗಾಹಿಗಳ ಮುಳ್ಳುಬೇಲಿಯ ದೊಡ್ಡಿಗಳು ಅವನಿಗೆ ದೃಷ್ಟಾಂತವಾದುವು. ಆದರೆ ದೃಷ್ಟಾಂತವೊಂದರಿಂದಲೇ ಸಿದ್ಧಾಂತವಾಗದು. ಪಕ್ಷದಲ್ಲಿ ಹೇತುವು ಇದೆಯೆಂಬುದು ಕಣ್ಣಿಗೆ ಕಾಣಬೇಕು. 1957ರಲ್ಲಿ ಎಫ್. ಆರ್. ಆಲ್ಚಿನ್ ಉತ್ನೂರಿನ ಗುಡ್ಡವನ್ನು ಅಗೆದಾಗ ಅದು ಕಂಡಿತು. ದೊಡ್ಡಿಯ ಸುತ್ತ ಮರದ ಕಂಬಗಳನ್ನು ನೆಟ್ಟ ಕುಳಿಗಳ ಸಾಲು ಹೊರಟಿತು. ಪದರಗಳ ಮೇಲೆ ದನಗಳ ಗೊರಸಿನ ಗುರುತುಗಳು ಉಳಿದಿದ್ದುವು. ಲಂಡನ್ನಿನಲ್ಲಿ ಝಾಯ್ನರ್ ಎಂಬ ವಿದ್ವಾಂಸನು ಬೂದಿಯನ್ನು ಪರೀಕ್ಷಿಸಿ ಅದರಲ್ಲಿ ಹುಲ್ಲಿನ ಸಿಲಿಕಾಂಶವನ್ನು ತೋರಿಸಿದನು. ಮೇದ ಹುಲ್ಲಿನ ಈ ಅಂಶವೇ ತೀವ್ರವಾದ ಶಾಖದಿಂದ ಕರಗಿ ಕಿಟ್ಟದಂತಾದುದು. ಹೀಗೆ ಫೂಟನ ಊಹೆಯು ಪ್ರತ್ಯಕ್ಷದ ಬೆಂಬಲವನ್ನು ಪಡೆಯಿತು.

ಆದರೆ ದನಗಾಹಿಗಳು ಸಗಣಿರಾಶಿಗೆ ಬೆಂಕಿಯಿಟ್ಟುದೇಕೆ? ಇಲ್ಲಿ ಆಲ್ಚಿನ್ ಹೋಳಿ, ದೀಪಾವಳಿ, ಪೊಂಗಲ್ ಹಬ್ಬಗಳ ಬೆಂಕಿಯನ್ನು ಉದಾಹರಿಸಿ, ಇದು ಋತುಸಂಧಿಯಲ್ಲಿ ನಡೆದ ವ್ರತವಿರಬಹುದೆಂದನು. ಸಂಕ್ರಾಂತಿಯಂದು ದನಗಳನ್ನು ಕಿಚ್ಚು ಹಾಯಿಸುವುದನ್ನು ಕಂಡಿರುವ ಕನ್ನಡಿಗರಿಗೆ ಈ ಮಾತು ಹೃದಯಂಗಮವಾಗಿ ತೋರುವುದು ಸಹಜ. ಆದರೆ ಹೃದಯಂಗಮವಾದುದೆಲ್ಲವೂ ಸಿದ್ಧವಾದುದಲ್ಲ. ಆ ಗುಡ್ಡಗಳಿಗೂ ಇಂದಿನ ಹಬ್ಬಗಳಿಗೂ ನಡುವೆ ನಾಲ್ಕು ಸಾವಿರ ವರ್ಷಗಳಷ್ಟು ಅಂತರವಿದೆ. ಆಚಾರದ ರೂಪವು ಒಂದೇ ಆಗಿ ಕಂಡರೂ ಅದರ ಅರ್ಥವು ಒಂದೇ ಎಂಬ ವ್ಯಾಪ್ತಿಯು ಸಿದ್ಧವಾಗಿಲ್ಲ. ಇದನ್ನು ಸಂಭಾವನೆಯೆನ್ನಬಹುದೇ ಹೊರತು ನಿರ್ಣಯವೆನ್ನಲಾಗದು.

ಕಾಲನಿರ್ಣಯದಲ್ಲಿಯೂ ಇಂತಹ ಪಾಠವಿದೆ. 1947ರಲ್ಲಿ ಮಾರ್ಟಿಮರ್ ವೀಲರ್ ಬ್ರಹ್ಮಗಿರಿಯನ್ನು ಪದರಪದರವಾಗಿ ಅಗೆಯಿಸಿ, ಕಲ್ಲುಕೊಡಲಿಯವರು, ಬೃಹತ್ ಶಿಲಾಸಮಾಧಿಯವರು, ಆಂಧ್ರರು ಎಂಬ ಮೂರು ಸಂಸ್ಕೃತಿಗಳ ಅನುಕ್ರಮವನ್ನು ತೋರಿಸಿದನು. ಆ ಅನುಕ್ರಮವು ನಿಂತಿತು. ಅವನು ಹೇಳಿದ ಕಾಲವು ನಿಲ್ಲಲಿಲ್ಲ. ಕಲ್ಲುಕೊಡಲಿಯವರು ಕ್ರಿ. ಪೂ. ಮೊದಲನೆಯ ಸಹಸ್ರಮಾನದವರೆಂದು ಅವನ ಎಣಿಕೆಯಿತ್ತು. 1949ರಲ್ಲಿ ಲಿಬ್ಬಿಯು ಪ್ರಕಟಿಸಿದ ಇಂಗಾಲಕಾಲಗಣನೆಯು ಬಳಕೆಗೆ ಬಂದ ಮೇಲೆ ಅವರ ಆರಂಭವು ಕ್ರಿ. ಪೂ. ಮೂರನೆಯ ಸಹಸ್ರಮಾನಕ್ಕೆ ಸರಿಯಿತು. ಯಾವುದು ಮೇಲು ಯಾವುದು ಕೆಳಗು ಎಂಬುದನ್ನು ಮಣ್ಣು ಹೇಳಬಲ್ಲುದು. ಎಷ್ಟು ವರ್ಷವೆಂಬುದಕ್ಕೆ ಬೇರೆ ಪ್ರಮಾಣವೇ ಬೇಕು.

ಮುಂದೆ ಪ್ರಶ್ನೆಯ ರೀತಿಯೇ ಬದಲಾಯಿತು. ದೊರೆತ ವಸ್ತುಗಳ ಪಟ್ಟಿ ಸಾಲದು, ಜನರು ಬಾಳಿದ ವ್ಯವಸ್ಥೆಯೇ ತಿಳಿಯಬೇಕೆಂಬ ನವ್ಯಪುರಾತತ್ತ್ವದ ವಾದವನ್ನು ಭಾರತದಲ್ಲಿ ವಿವೇಚಿಸಿದವರಲ್ಲಿ ಕೆ. ಪದ್ದಯ್ಯನವರು ಪ್ರಮುಖರು. ಅವರು ಸುರಪುರ ಸೀಮೆಯ ಬೂದಿಹಾಳದಲ್ಲಿ ಗುಡ್ಡವನ್ನು ಮಾತ್ರವಲ್ಲದೆ ಅದರ ಸುತ್ತಣ ನೆಲವನ್ನೂ ವಿಸ್ತಾರವಾಗಿ ಅಗೆಯಿಸಿದರು. ದನದ ದೊಡ್ಡಿಯ ಜೊತೆಗೆ ಮನೆಗಳ ನೆಲೆ, ಮಾಂಸ ಕಡಿದ ಸ್ಥಳ, ಕಲ್ಲಿನ ಆಯುಧಗಳನ್ನು ಮಾಡಿದ ಸ್ಥಳ ಇವು ಹೊರಟುವು. ಅಲೆಮಾರಿಗಳ ಬೀಡೆಂದು ಭಾವಿಸಿದ್ದುದು ಊರಾಗಿ ಕಂಡಿತು. ಸಂಗನಕಲ್ಲು ಮೊದಲಾದ ನೆಲೆಗಳ ಮಣ್ಣನ್ನು ನೀರಿನಲ್ಲಿ ಕದಡಿ ತೇಲಿಸಿದಾಗ ಹುರುಳಿ, ಹೆಸರು, ಕೊರಲೆಗಳ ಕರಿಕಾಳುಗಳು ಸಿಕ್ಕಿ, ಅಂದಿನವರು ಬೇಸಾಯಗಾರರೂ ಆಗಿದ್ದರೆಂಬುದು ಸ್ಪಷ್ಟವಾಯಿತು. 2004ರಲ್ಲಿ ಪೀಟರ್ ಯೊಹಾನ್ಸನ್ ಇನ್ನೊಂದು ಮಾತನ್ನು ಹೇಳಿದನು: ಈ ರಾಶಿಗಳು ತಾವಾಗಿ ಬೆಳೆದ ತಿಪ್ಪೆಗಳಲ್ಲ, ಜನರು ಬುದ್ಧಿಪೂರ್ವಕವಾಗಿ ಎತ್ತಿದ ಸ್ಮಾರಕಗಳು ಎಂದು.

ಇವೆಲ್ಲವನ್ನೂ ತೂಗಿ ನೋಡಿದರೆ, ಬೂದಿಯು ಸಗಣಿಯದೆಂಬುದೂ ದನಗಾಹಿಗಳು ಬೇಸಾಯವನ್ನೂ ಬಲ್ಲವರೆಂಬುದೂ ಸಿದ್ಧಾಂತಕೋಟಿಗೆ ಸೇರಿದುವು. ಬೆಂಕಿಯ ಉದ್ದೇಶವು ಇನ್ನೂ ವಿಚಾರಕೋಟಿಯಲ್ಲಿದೆ. ಅದರ ನಿರ್ಣಯಕ್ಕೆ ಬೇಕಾದ ಹೇತುವು ಇದ್ದರೆ ಆ ಗುಡ್ಡಗಳಲ್ಲಿಯೇ ಇರಬೇಕು. ಆದರೆ ಎಷ್ಟೋ ಗುಡ್ಡಗಳ ಬೂದಿಯು ಗೊಬ್ಬರವಾಗಿ ಬಂಡಿಗಳಲ್ಲಿ ಹೊಲಗಳಿಗೆ ಹೋಗಿದೆ. ಸಂಗನಕಲ್ಲಿನ ಬಳಿಯ ಬೆಟ್ಟಗಳನ್ನು ಕಲ್ಲುಗಣಿಯು ತಿಂದಿದೆ. ಪಕ್ಷವೇ ಇಲ್ಲದ ಅನುಮಾನವನ್ನು ತಾರ್ಕಿಕರು ಆಶ್ರಯಾಸಿದ್ಧವೆಂದು ತಳ್ಳುವರು. ತರ್ಕದಲ್ಲಿ ಆ ದೋಷಕ್ಕೆ ಉದಾಹರಣೆ ಗಗನಕುಸುಮ. ಇತಿಹಾಸದಲ್ಲಿ ಅದಕ್ಕೆ ಉದಾಹರಣೆಯಾಗಿ ಬೂದಿಗುಡ್ಡಗಳು ಉಳಿಯದಿರುವಂತೆ ನೋಡಿಕೊಳ್ಳುವುದು ವಿದ್ವಾಂಸರ ಮತ್ತು ನಾಡಿನವರ ಕರ್ತವ್ಯವಾಗಿದೆ.