ಹುಲ್ಲೆಯೂ ಹುಲ್ಲುನೆಲವೂ: ಕನ್ನಡ ನಾಡಿನ ಜಿಂಕೆಗಳ ಚರಿತ್ರೆಗೆ ಒಂದು ಪ್ರವೇಶ

ನಮ್ಮ ನಾಡಿನ ಚರಿತ್ರೆಯನ್ನು ಬರೆದ ವಿದ್ವಾಂಸರು ರಾಜವಂಶಗಳ ಉದಯಾಸ್ತಗಳನ್ನೂ, ದೇವಾಲಯಗಳ ನಿರ್ಮಾಣವನ್ನೂ, ಕೆರೆಕಟ್ಟೆಗಳ ದತ್ತಿಶಾಸನಗಳನ್ನೂ ಬಹು ಶ್ರದ್ಧೆಯಿಂದ ಶೋಧಿಸಿರುವರಾದರೂ, ಇದೇ ನೆಲದಲ್ಲಿ ಮನುಷ್ಯನ ಪೈರನ್ನು ಮೇಯುತ್ತ, ಅವನ ಬಾಣಕ್ಕೆ ಈಡಾಗುತ್ತ, ಅವನ ಶಿಲ್ಪಿಗಳ ಉಳಿಯಿಂದ ಶಿವನ ಕೈಯಲ್ಲಿ ನೆಲೆಗೊಳ್ಳುತ್ತ ಬಂದ ಮೃಗಗಳ ವೃತ್ತಾಂತಕ್ಕೆ ಅಷ್ಟು ಗಮನ ಸಂದಿಲ್ಲ. ಜಿಂಕೆಗಳ ಏಳುಬೀಳಿಗೆ ಬೇಟೆಯೇ ಮುಖ್ಯ ಕಾರಣವೆಂಬುದು ಸಾಮಾನ್ಯವಾದ ನಂಬಿಕೆ. ಬೇಟೆಯ ಪಾಲು ಸಣ್ಣದೆಂದು ಯಾರೂ ಹೇಳಲಾರರು. ಆದರೆ ದೀರ್ಘಕಾಲದ ದೃಷ್ಟಿಯಿಂದ ನೋಡಿದಾಗ ಈ ಪ್ರಾಣಿಗಳ ಭಾಗ್ಯವು ಉತ್ತ ಹೊಲಕ್ಕೂ ದಟ್ಟವಾದ ಅಡವಿಗೂ ನಡುವೆ ನೇಗಿಲು ಸೋಕದೆ ಉಳಿದ ಹುಲ್ಲುನೆಲದ ಭಾಗ್ಯವನ್ನೇ ನೆರಳಿನಂತೆ ಹಿಂಬಾಲಿಸಿದೆಯೆಂಬುದನ್ನು ಪ್ರತಿಪಾದಿಸುವುದು ಈ ಲೇಖನದ ಉದ್ದೇಶ.

ಮೊದಲು ಪ್ರಾಣಿಗಳ ಪರಿಚಯ. ಲೋಕರೂಢಿಯಲ್ಲಿ ಜಿಂಕೆಗಳೆಂದು ಒಟ್ಟಾಗಿ ಹೇಳತಕ್ಕವುಗಳಲ್ಲಿ ಎರಡು ಬೇರೆ ಬೇರೆ ಕುಲಗಳುಂಟು. ಚುಕ್ಕೆಯ ಜಿಂಕೆ, ಕಡವೆ, ಮಲೆನಾಡಿನವರು ಕಾಡುಕುರಿಯೆಂದು ಕರೆಯುವ ಬೊಗಳುವ ಜಿಂಕೆ, ಈ ಮೂರೂ ನಿಜವಾದ ಜಿಂಕೆಯ ಕುಲದವು. ಇವುಗಳಲ್ಲಿ ಗಂಡಿಗೆ ಮಾತ್ರ ಕೊಂಬು, ಅದೂ ಗಟ್ಟಿಯಾದ ಎಲುಬಿನದು. ಬುಡದಿಂದ ಕಳಚಿ ಬಿದ್ದು, ಮತ್ತೆ ಮಖಮಲ್ಲಿನಂಥ ಮೃದುವಾದ ತೊಗಲನ್ನು ಹೊದ್ದು ಹೊಸದಾಗಿ ಚಿಗುರುತ್ತದೆ. ಹುಲ್ಲೆಯ ಕುಲಕ್ಕೆ ಸೇರಿದ ಕೃಷ್ಣಮೃಗ, ಚಿಂಕಾರ, ಕೊಂಡಕುರಿಗಳ ಕೊಂಬಾದರೋ ದನದ ಕೊಂಬಿನಂತೆ ಎಲುಬಿನ ತಿರುಳಿನ ಮೇಲೆ ಬೆಳೆದ ಕವಚವಾಗಿದ್ದು ಜೀವಮಾನಪರ್ಯಂತ ಕಳಚುವುದಿಲ್ಲ. ಮೊಲಕ್ಕಿಂತ ತುಸು ದೊಡ್ಡದಾದ, ಕೊಂಬೇ ಇಲ್ಲದ, ಗಂಡಿನ ಮೇಲ್ದವಡೆಯಿಂದ ಸಣ್ಣ ಕೋರೆಹಲ್ಲು ಇಳಿಬಿದ್ದಿರುವ ಬರ್ಕವೆಂಬ ಪ್ರಾಣಿಯು ಈ ಎರಡು ಕುಲಕ್ಕೂ ಸೇರದೆ ತನ್ನದೇ ಆದ ಪ್ರಾಚೀನ ಕುಲದ್ದಾಗಿದೆ. ಕಾಡಿನಲ್ಲಿ ಉದುರಿ ಕೆಲಕಾಲ ಬಿದ್ದಿದ್ದ ಕಡವೆಯ ಕೊಂಬೊಂದನ್ನು ಎತ್ತಿ ನೋಡಿದರೆ ಅದರ ಅಂಚಿನಲ್ಲಿ ಉಳಿಯಿಂದ ಕೆತ್ತಿದಂತೆ ಒತ್ತೊತ್ತಾದ ಜೋಡಿಗೀರುಗಳು ಕಾಣಬರುವುದುಂಟು. ಸುಣ್ಣದ ಅಂಶಕ್ಕಾಗಿ ಮುಳ್ಳುಹಂದಿ ಅದನ್ನು ಕಡಿದ ಗುರುತು ಅದು. ಒಂದು ಮೃಗದ ತಲೆಯಿಂದ ಕಳಚಿದ್ದು ಇನ್ನೊಂದರ ಆಹಾರವಾಗಿ ಮತ್ತೆ ನೆಲಕ್ಕೆ ಸೇರುತ್ತದೆ.

ಗಂಗಾವತಿಯ ಸಮೀಪದ ಹಿರೇಬೆಣಕಲ್ಲಿನ ಬಂಡೆಗಳ ಮರೆಯಲ್ಲಿ ಕೆಮ್ಮಣ್ಣಿನಿಂದ ಬಿಡಿಸಿದ ಚಿತ್ರಗಳಲ್ಲಿ ಜಿಂಕೆಗಳಿವೆ. ಅಲ್ಲಿಂದ ಲಿಖಿತವಾದ ಆಧಾರಗಳ ಕಾಲಕ್ಕೆ ಬಂದರೆ ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಒಂದು ಅಪೂರ್ವ ಸನ್ನಿವೇಶ ಎದುರಾಗುತ್ತದೆ. ಚಾಲುಕ್ಯ ಅರಸನಾದ ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಮಿತಾಕ್ಷರವೆಂಬ ವ್ಯಾಖ್ಯಾನವನ್ನು ರಚಿಸಿದನಷ್ಟೆ. ಆ ಸ್ಮೃತಿಯು ತನ್ನ ಆರಂಭದಲ್ಲಿಯೇ, ಕೃಷ್ಣಮೃಗವು ಸಂಚರಿಸುವ ದೇಶವನ್ನು ಧರ್ಮಾಚರಣೆಯ ದೇಶವೆಂದು ಗುರುತಿಸುತ್ತದೆ. ಅದೇ ವಿಕ್ರಮಾದಿತ್ಯನ ಮಗನಾದ ಮೂರನೆಯ ಸೋಮೇಶ್ವರನು 1129ರ ಸುಮಾರಿಗೆ ರಚಿಸಿದ ಮಾನಸೋಲ್ಲಾಸದಲ್ಲಿ, ಅರಸನ ವಿನೋದಗಳನ್ನು ವರ್ಣಿಸುವ ಭಾಗದಲ್ಲಿ, ಮೃಗಗಳ ಬೇಟೆಯ ವಿಧಾನಗಳು ವಿಸ್ತಾರವಾಗಿ ನಿರೂಪಿತವಾಗಿವೆ. ಹೀಗೆ ಒಂದೇ ಆಸ್ಥಾನದಲ್ಲಿ, ಒಂದು ತಲೆಮಾರಿನ ಅಂತರದಲ್ಲಿ, ಒಬ್ಬನು ಯಾವ ಮೃಗದ ಹೆಜ್ಜೆಯಿಂದ ನೆಲದ ಪಾವಿತ್ರ್ಯವನ್ನು ಅಳೆಯುವ ಗ್ರಂಥವನ್ನು ವಿವರಿಸಿದನೋ, ಮತ್ತೊಬ್ಬನು ಆ ಮೃಗವನ್ನು ಬೇಟೆಯಾಡುವ ಶಾಸ್ತ್ರವನ್ನು ಬರೆದನು.

ಇವೆರಡರಲ್ಲಿ ವಿರೋಧವನ್ನು ಕಾಣುವುದು ಸುಲಭ. ನನಗಾದರೋ ಇವೆರಡೂ ಒಂದೇ ಭೂದೃಶ್ಯಕ್ಕೆ ಸಾಕ್ಷಿ ನುಡಿಯುತ್ತವೆಂದು ತೋರುತ್ತದೆ. ಫ್ರೆಂಚ್ ವಿದ್ವಾಂಸ ಫ್ರಾನ್ಸಿಸ್ ಜಿಮ್ಮರ್‌ಮನ್ 1982ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ, ನಮ್ಮ ವೈದ್ಯಶಾಸ್ತ್ರವು ಜಾಂಗಲವೆಂದು ಕರೆಯುವ ಒಣಹವೆಯ ತೆರೆದ ಭೂಮಿಯನ್ನೂ ಧರ್ಮಶಾಸ್ತ್ರದ ಕೃಷ್ಣಮೃಗದ ದೇಶವನ್ನೂ ಒಟ್ಟಿಗಿಟ್ಟು ವಿವೇಚಿಸಿದ್ದಾರೆ. ಕಲ್ಯಾಣದ ಸುತ್ತಣ ಪ್ರದೇಶ ಅಂಥದೇ ಭೂಮಿ. ಬೀದರ ಜಿಲ್ಲೆಯ ಬಯಲುಗಳಲ್ಲಿ ಕೃಷ್ಣಮೃಗಗಳು ಇಂದಿಗೂ ಇವೆ. ಗ್ರಂಥಸ್ಥವಾದ ಮೃಗವು ಆಸ್ಥಾನದ ಪಂಡಿತನಿಗೂ ಅರಸನಿಗೂ ಊರ ಹೊರಗೆ ಬಂದರೆ ಕಣ್ಣಿಗೆ ಬೀಳುತ್ತಿದ್ದ ಮೃಗವೇ ಆಗಿದ್ದಿರಬೇಕು.

ಪಳಗಿಸಿದ ಸಿವಂಗಿಯಿಂದ, ಅಂದರೆ ಚೀತಾದಿಂದ, ಹುಲ್ಲೆಗಳನ್ನು ಬೇಟೆಯಾಡಿಸುವ ಪದ್ಧತಿಗೆ ದೊರೆಯುವ ಅತ್ಯಂತ ಹಳೆಯ ಭಾರತೀಯ ಉಲ್ಲೇಖವು ಮಾನಸೋಲ್ಲಾಸದ್ದೆಂದು ವನ್ಯಜೀವಿಗಳ ಚರಿತ್ರಕಾರರು ಹೇಳುತ್ತಾರೆ. ಈ ಬೇಟೆಯಲ್ಲಿ, ಮುಂದಿನ ಕಾಲದ ವರ್ಣನೆಗಳಿಂದ ತಿಳಿದುಬರುವಂತೆ, ಕಣ್ಣಿಗೆ ಮುಸುಕು ಹಾಕಿದ ಸಿವಂಗಿಯನ್ನು ಸಾಮಾನ್ಯವಾದ ಎತ್ತಿನ ಗಾಡಿಯ ಮೇಲೆ ಕೂಡಿಸಿ, ಮೇಯುತ್ತಿರುವ ಹಿಂಡಿನ ಹತ್ತಿರಕ್ಕೆ ಸುತ್ತುಬಳಸಿ ಒಯ್ದು, ಸಮಯ ನೋಡಿ ಮುಸುಕನ್ನು ತೆಗೆಯುತ್ತಿದ್ದರು. ಕುದುರೆಯನ್ನು ಕಂಡರೆ ಓಡುತ್ತಿದ್ದ ಹುಲ್ಲೆಗಳು ಗಾಡಿಯನ್ನು ಕಂಡು ಬೆದರುತ್ತಿರಲಿಲ್ಲವೆಂಬುದು ಇಲ್ಲಿ ಗಮನಿಸಬೇಕಾದ ಅಂಶ. ಒಕ್ಕಲಿಗನ ಗಾಡಿ ದಿನವೂ ತಮ್ಮ ನಡುವೆ ಹಾದುಹೋಗುವುದನ್ನು ನೋಡಿ ನೋಡಿ ಅವು ಅದಕ್ಕೆ ಹೊಂದಿಕೊಂಡಿದ್ದವು; ಬೇಟೆಗಾರನು ಬಳಸಿಕೊಂಡದ್ದು ಆ ನಂಬಿಕೆಯನ್ನು. ಹಂಪೆಯ ಮಹಾನವಮಿ ದಿಬ್ಬದ ಉಬ್ಬುಶಿಲ್ಪಗಳಲ್ಲಿ ಜಿಂಕೆಯ ಬೇಟೆ ಕಾಣುತ್ತದೆ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಬಳಿಕ ಟಿಪ್ಪುವಿನ ಬೇಟೆಯ ಸಿವಂಗಿಗಳು ಬ್ರಿಟಿಷ್ ಸೇನಾಧಿಕಾರಿ ಆರ್ಥರ್ ವೆಲ್ಲೆಸ್ಲಿಯ ವಶಕ್ಕೆ ಬಂದವು. ಅಟ್ಟುವ ಮೃಗ ಮೊದಲು ಅಳಿಯಿತು. 1952ರಲ್ಲಿ ಸಿವಂಗಿಯು ಭಾರತದಲ್ಲಿ ನಿರ್ವಂಶವಾಯಿತೆಂದು ಸಾರಲಾಯಿತು. ಓಡುವ ಮೃಗ ಉಳಿಯಿತು. ಹೇಗೆ ಉಳಿಯಿತೆಂಬುದಕ್ಕೆ ಮೈಸೂರು ಸೀಮೆಯ ಮಟ್ಟಿಗೆ ಉತ್ತರವು, ನನ್ನ ಅಭಿಪ್ರಾಯದಲ್ಲಿ, ಅಮೃತಮಹಲ್ ಕಾವಲುಗಳಲ್ಲಿದೆ.

ಚಿಕ್ಕದೇವರಾಜ ಒಡೆಯರ ಕಾಲದಲ್ಲಿ ಬೆಣ್ಣೆ ಚಾವಡಿಯೆಂಬ ಹೆಸರಿನಿಂದ ವ್ಯವಸ್ಥೆಗೊಂಡು, ಹೈದರಾಲಿಯಿಂದ ವಿಸ್ತಾರಗೊಂಡು, ಟಿಪ್ಪುವಿನಿಂದ ಅಮೃತಮಹಲ್ ಎಂಬ ಅಭಿಧಾನವನ್ನು ಪಡೆದ ಈ ಇಲಾಖೆಯ ಕೆಲಸವು ಸೈನ್ಯದ ಫಿರಂಗಿಗಳನ್ನೂ ಸಾಮಗ್ರಿಗಳನ್ನೂ ಎಳೆಯಬಲ್ಲ ಎತ್ತುಗಳನ್ನು ಬೆಳೆಸುವುದಾಗಿತ್ತು. ಇದಕ್ಕಾಗಿ ತುಮಕೂರು, ಚಿತ್ರದುರ್ಗ, ಹಾಸನ, ಕಡೂರು ಮೊದಲಾದ ಸೀಮೆಗಳಲ್ಲಿ ವಿಶಾಲವಾದ ಹುಲ್ಲುಗಾವಲುಗಳನ್ನು ಮೀಸಲಿಟ್ಟು, ಬೇಸಗೆಯ ಕಾವಲು, ಮಳೆಗಾಲದ ಕಾವಲು, ಚಳಿಗಾಲದ ಕಾವಲು ಎಂದು ವಿಂಗಡಿಸಿ, ದನದ ಹಿಂಡುಗಳನ್ನು ಋತುಮಾನಕ್ಕೆ ಅನುಸಾರವಾಗಿ ಒಂದರಿಂದ ಇನ್ನೊಂದಕ್ಕೆ ಅಟ್ಟುತ್ತಿದ್ದರು. ಒಂದು ಕಾಲಕ್ಕೆ ಇವುಗಳ ಒಟ್ಟು ವಿಸ್ತೀರ್ಣ ನಾಲ್ಕು ಲಕ್ಷ ಎಕರೆಯನ್ನು ಮೀರಿತ್ತು. ಅಲ್ಲಿ ನೇಗಿಲನ್ನು ಹೂಡುವಂತಿರಲಿಲ್ಲ. ದನಗಳು ಮೇದು ಮುಂದಿನ ಕಾವಲಿಗೆ ಹೋದ ಮೇಲೆ ಉಳಿಯುವ ಗಿಡ್ಡ ಹುಲ್ಲು, ಮಳೆ ಬಿದ್ದೊಡನೆ ಅದರ ಬುಡದಿಂದ ಏಳುವ ಎಳೆಯ ಗರಿಕೆ, ದೂರದ ತೋಳವನ್ನು ಗುರುತಿಸಲು ಅಡ್ಡಿಯಾಗದ ಬಯಲು, ಇವೆಲ್ಲವೂ ಕೃಷ್ಣಮೃಗಕ್ಕೆ ತಕ್ಕ ನೆಲೆ. ಕಣ್ಣು ಮತ್ತು ಕಾಲು, ಇವೆರಡೇ ಅದರ ರಕ್ಷಣೆ. ಎರಡಕ್ಕೂ ತೆರೆದ ನೆಲ ಬೇಕು. ದಂಡಿನ ಎತ್ತಿಗೆಂದು ಕಾದಿಟ್ಟ ಹುಲ್ಲಿನಲ್ಲಿ, ಯಾವ ಅರಸನೂ ಉದ್ದೇಶಪಟ್ಟು ಪಾಲು ಕೊಡದಿದ್ದರೂ, ಹುಲ್ಲೆಗೆ ಪಾಲು ದೊರೆಯಿತು.

ಯಂತ್ರವಾಹನಗಳು ಬಂದು ಎತ್ತಿನ ಅಗತ್ಯ ಕುಂದಿದಂತೆಲ್ಲ ಈ ನೆಲದ ಮೇಲೆ ಬೇರೆ ಬೇರೆ ಕಣ್ಣುಗಳು ಬಿದ್ದವು. ಎರಡನೆಯ ಮಹಾಯುದ್ಧದ ಕಾಲದಿಂದ ನಡೆದ ಆಹಾರೋತ್ಪಾದನೆಯ ಆಂದೋಲನದಲ್ಲಿ ಕಾವಲಿನ ಬಹುಭಾಗವು ಸಾಗುವಳಿಗೆ ಹೋಯಿತು. ಹಸಿದ ಜನಕ್ಕೆ ಅನ್ನ ಬೇಕಾಗಿತ್ತೆಂಬುದನ್ನು ಮರೆತು ಇದನ್ನು ಖಂಡಿಸುವುದು ನ್ಯಾಯವಲ್ಲ. ಆದರೆ ಇತ್ತೀಚೆಗೆ ಚಳ್ಳಕೆರೆಯ ಸೀಮೆಯಲ್ಲಿ ಸಹಸ್ರಾರು ಎಕರೆ ಕಾವಲು ಬೃಹತ್ ಸಂಸ್ಥೆಗಳ ಗೋಡೆಯೊಳಗೆ ಸೇರಿದಾಗ, ಕುರಿ ಮೇಯಿಸುವ ಬಡವನೂ ಕಾಡುಮೃಗವೂ ಏಕಕಾಲಕ್ಕೆ ಹೊರದೂಡಲ್ಪಟ್ಟದ್ದನ್ನು ಹಾಗೆ ಸಮರ್ಥಿಸಿಕೊಳ್ಳಲು ಬರುವುದಿಲ್ಲ. ಕಡೂರು ಸೀಮೆಯ ಬಾಸೂರು ಕಾವಲು 2011ರಲ್ಲಿ ಸಂರಕ್ಷಣಾ ಮೀಸಲೆಂದು ಘೋಷಿತವಾದದ್ದು ಇಂಥ ನಷ್ಟಗಳ ನಡುವೆ ಉಳಿದ ಒಂದು ಲಾಭ.

ಮಲೆನಾಡಿನಲ್ಲಿಯೂ ಅದರ ಸೆರಗಿನಲ್ಲಿಯೂ ಕಥೆಯ ರೂಪ ಬೇರೆ. ಚುಕ್ಕೆಯ ಜಿಂಕೆ ದಟ್ಟಡವಿಯ ಪ್ರಾಣಿಯೆಂದು ಭಾವಿಸುವವರು ಹಲವರು; ವಾಸ್ತವವಾಗಿ ಅದು ಕಾಡಿನಂಚಿನ ಪ್ರಾಣಿ. ನಿತ್ಯವೂ ನೀರು ಬೇಕು, ಮೇಯಲು ಹುಲ್ಲು ಬೇಕು, ಹುಲಿ ಚಿರತೆಗಳು ಬಂದರೆ ಮರೆಯಾಗಲು ಮರ ಬೇಕು. ಈ ಮೂರೂ ಕೂಡುವ ಎಡೆಯಲ್ಲಿಯೇ ಅದರ ಹಿಂಡು ದೊಡ್ಡದಾಗುತ್ತದೆ. ನಾಗರಹೊಳೆಯ ಹಡ್ಲುಗಳಲ್ಲಿ, ಅಂದರೆ ಕಾಡಿನ ನಡುವಣ ಜೌಗು ಹುಲ್ಲುಬಯಲುಗಳಲ್ಲಿ, ಸಂಜೆಯ ಹೊತ್ತು ನಿಂತು ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮುಸುವಗಳು ಮರದ ಮೇಲಿಂದ ತಿಂದು ಚೆಲ್ಲಿದ ಚಿಗುರನ್ನೂ ಕಾಯನ್ನೂ ಜಿಂಕೆಗಳು ಕೆಳಗೆ ಆಯ್ದು ತಿನ್ನುತ್ತವೆ. ಮೇಲಿನ ಕಣ್ಣು ಹುಲಿಯನ್ನು ಮೊದಲು ಕಂಡರೆ ಕೆಳಗಿನ ಗುಂಪು ಕಿವಿ ನಿಮಿರಿಸಿ ಎಚ್ಚರಗೊಳ್ಳುತ್ತದೆ. 1974ರಲ್ಲಿ ಪೂರ್ಣಗೊಂಡ ಕಬಿನಿಯ ಅಣೆಕಟ್ಟು ಅಪಾರವಾದ ಕಾಡನ್ನು ಮುಳುಗಿಸಿದರೂ, ಬೇಸಗೆಯಲ್ಲಿ ನೀರು ಹಿಂಜರಿದಾಗ ಅದರ ದಡದಲ್ಲಿ ಏಳುವ ಹಸುರು ಹುಲ್ಲಿಗೆ ಜಿಂಕೆಯ ಹಿಂಡುಗಳು ಇಳಿದುಬರುತ್ತವೆ. ಕಡವೆಯಾದರೋ ಇಷ್ಟು ಬಯಲನ್ನು ಬಯಸದು; ಎರಡು ಕ್ವಿಂಟಾಲಿಗೂ ಮಿಕ್ಕಿ ತೂಗಬಲ್ಲ ಆ ಪ್ರಾಣಿ ಹಗಲೆಲ್ಲ ಪೊದೆಯ ತಂಪಿನಲ್ಲಿ ಇದ್ದು, ಕತ್ತಲಾದ ಮೇಲೆ ಗದ್ದೆಯ ಬದುವಿಗೆ ಬರುತ್ತದೆ.

ಗದ್ದೆಗೆ ಬಂದದ್ದನ್ನು ಓಡಿಸಲು ರೈತ ಮಾಳದ ಮೇಲೆ ಕುಳಿತು ರಾತ್ರಿಯಿಡೀ ತಮಟೆ ಬಾರಿಸಿದ, ಕವಣೆ ಬೀಸಿದ, ಕೊಳ್ಳಿ ಹಿಡಿದ. ಕೆಲವೊಮ್ಮೆ ಉರುಳು ಒಡ್ಡಿದ, ಕೋವಿ ಹಿಡಿದ. ಕೊಂದ ಮೃಗದ ಮಾಂಸವನ್ನು ಊರವರು ಪಾಲು ಹಾಕಿಕೊಂಡರು. ಹಳ್ಳಿಯವನ ದೃಷ್ಟಿಯಲ್ಲಿ ಈ ಪ್ರಾಣಿ ಬೆಳೆಯ ಶತ್ರುವೂ ಅಹುದು, ಅಡಿಗೆಯ ಸಾಮಗ್ರಿಯೂ ಅಹುದು, ಸೀತೆ ಬಯಸಿದ ಮೃಗವೂ ಅಹುದು. ಇವುಗಳಲ್ಲಿ ಯಾವೊಂದನ್ನೂ ಬಿಟ್ಟು ಬರೆದ ಚರಿತ್ರೆ ಅಪೂರ್ಣ.

ಕಾನೂನಿನ ವಿಚಾರವನ್ನು ಸಂಕ್ಷೇಪವಾಗಿ ಹೇಳಬಹುದು. ಮೈಸೂರು ಸಂಸ್ಥಾನವು 1901ರಲ್ಲಿ ಬೇಟೆಯ ಪ್ರಾಣಿಗಳ ಮತ್ತು ಮೀನುಗಳ ಸಂರಕ್ಷಣೆಗಾಗಿ ಒಂದು ರೆಗ್ಯುಲೇಷನ್ನನ್ನು ಜಾರಿಗೆ ತಂದಿತು. ಅರಮನೆಯ ಬೇಟೆಯ ಮೀಸಲಾಗಿದ್ದ ಬಂಡೀಪುರವು 1931ರಲ್ಲಿ ಅಭಯಾರಣ್ಯವಾಗಿ, 1941ರಲ್ಲಿ ವೇಣುಗೋಪಾಲ ವನ್ಯಜೀವಿ ಉದ್ಯಾನವಾಗಿ ವಿಸ್ತಾರಗೊಂಡು, 1973ರಲ್ಲಿ ಹುಲಿ ಯೋಜನೆಗೆ ಸೇರಿತು. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯು ಕೃಷ್ಣಮೃಗವನ್ನು ಮೊದಲನೆಯ ಅನುಸೂಚಿಯಲ್ಲಿಯೂ, ಚುಕ್ಕೆಯ ಜಿಂಕೆ ಕಡವೆಗಳನ್ನು ಮೂರನೆಯದರಲ್ಲಿಯೂ ಇರಿಸಿತು. ಇವುಗಳಿಂದ ಕೋವಿಯ ಸದ್ದು ಬಹುಮಟ್ಟಿಗೆ ಅಡಗಿತು.

ಆದರೆ ಕೊಲ್ಲುವುದನ್ನು ನಿಷೇಧಿಸಿದ ಮಾತ್ರಕ್ಕೆ ಮೇಯುವ ನೆಲ ಸಿದ್ಧವಾಗುವುದಿಲ್ಲವೆಂಬುದಕ್ಕೆ ರಾಣೆಬೆನ್ನೂರು ನಿದರ್ಶನ. 119 ಚದರ ಕಿಲೋಮೀಟರು ವಿಸ್ತಾರದ ಆ ಅಭಯಾರಣ್ಯವು 1974ರಲ್ಲಿ ಕೃಷ್ಣಮೃಗಕ್ಕಾಗಿ ಸ್ಥಾಪಿತವಾಯಿತು. ಆ ಬಯಲಿನ ಬಹುಭಾಗದಲ್ಲಿ ನೀಲಗಿರಿಯ ನೆಡುತೋಪುಗಳು ಎದ್ದಿದ್ದವು. ಮರ ನೆಟ್ಟದ್ದು ಸದುದ್ದೇಶದಿಂದಲೇ ಇರಬಹುದು. ಆದರೂ ಹುಲ್ಲುನೆಲವನ್ನು ಹಾಳುಭೂಮಿಯೆಂದು ಎಣಿಸಿ, ಮರವಿದ್ದರೆ ಮಾತ್ರ ಅದು ಕಾಡು ಎಂದು ಭಾವಿಸಿದ ಆಡಳಿತದ ದೃಷ್ಟಿಯೇ ಬಯಲಿನ ಪ್ರಾಣಿಗೆ ಕೋವಿಗಿಂತ ಹೆಚ್ಚು ಹಾನಿಯನ್ನುಂಟುಮಾಡಿತೆಂದು ನಾನು ನಿಸ್ಸಂಕೋಚವಾಗಿ ಹೇಳುತ್ತೇನೆ. ಮಧುಗಿರಿ ತಾಲೂಕಿನ ಮೈದೇನಹಳ್ಳಿಯಲ್ಲಿ 2007ರಲ್ಲಿ ಜಯಮಂಗಲಿ ಮೀಸಲಾಗಿ ಘೋಷಿತವಾದ 798 ಎಕರೆಗಳಲ್ಲಿ ಹುಲ್ಲುಬಯಲು ಉಳಿದಿರುವುದರಿಂದಲೇ ಅಷ್ಟು ಸಣ್ಣ ಜಾಗದಲ್ಲಿಯೂ ಹಿಂಡುಗಳು ನೆಲೆನಿಂತಿವೆ.

ಗದಗ, ಕೊಪ್ಪಳ ಸೀಮೆಯ ಎರೆಹೊಲಗಳಲ್ಲಿ ಚಿಗರಿಗಳ, ಅಂದರೆ ಕೃಷ್ಣಮೃಗಗಳ, ಹಿಂಡು ಅಭಯಾರಣ್ಯದ ಗಡಿಯನ್ನು ಕೇಳದೆ ಬಾಳುತ್ತಿದೆ. ಹಿಂಗಾರಿಯ ಕಡಲೆ ಎರಡೆಲೆ ಬಿಟ್ಟಾಗ ಅವು ಸಾಲು ಹಿಡಿದು ಕುಡಿಯನ್ನು ಚಿವುಟುತ್ತ ಹೋಗುತ್ತವೆ. ಚಿವುಟಿದ್ದಕ್ಕಿಂತ ತುಳಿದದ್ದು ಹೆಚ್ಚು. ಮತ್ತೆ ಬಿತ್ತಲು ಬೀಜದ ದುಡ್ಡೂ ಹಸಿ ಆರದ ನೆಲವೂ ರೈತನಿಗೆ ಇರುವುದಿಲ್ಲ. ಮೊಳಕೆಯ ಹಂತದ ಈ ನಷ್ಟವನ್ನು ಅದೇ ಹಂಗಾಮಿನಲ್ಲಿ ಪರಿಹರಿಸಿಕೊಡುವುದು ಸರ್ಕಾರದ ಹೊಣೆ. ಇದರ ಜೊತೆಗೆ, ಕಂದಾಯ ಇಲಾಖೆಯ ದಫ್ತರಗಳಲ್ಲಿ ಉಳಿದಿರುವ ಕಾವಲು, ಗೋಮಾಳ, ಹುಲ್ಲುಬನ್ನಿಗಳ ಹಳೆಯ ಸರ್ವೆ ನಕ್ಷೆಗಳನ್ನು ತಾಲೂಕುವಾರು ಪ್ರಕಟಿಸಬೇಕೆಂದೂ, ಇನ್ನೂ ಉತ್ತಿರದ ಕಾವಲುಗಳನ್ನು ಬೇರೆ ಉದ್ದೇಶಕ್ಕೆ ಕೊಡುವ ಮುನ್ನ ಅಲ್ಲಿ ಮೇಯುವ ಕುರಿಗಾರರನ್ನೂ ಪ್ರಾಣಿಶಾಸ್ತ್ರಜ್ಞರನ್ನೂ ಕೂಡಿಸಿ ಕೇಳಬೇಕೆಂದೂ ಸಂಬಂಧಪಟ್ಟವರಲ್ಲಿ ವಿನಂತಿಸುತ್ತೇನೆ.